ಎಡೆ ಪರಮಾಣು

ಕೋಟೇಶ್ವರ,
ಆಗಸ್ಟ್ ೬, ೨೦೨೪, ಮಂಗಳವಾರ

ನನ್ನನ್ನು ಬ್ಲಾಕ್ ಮಾಡಿದ ನವ್ಯಶ್ರೀಗೆ, ಬ್ಲಾಕ್ ಆದವಳ ಪ್ರೀತಿಯ ನೆನಪುಗಳು.

ವಾಟ್ಸಪ್ಪಿನಲ್ಲಿ ನಿನ್ನ ಮುಖ ಮಾಯವಾಗಿ ಆ ಜಾಗದಲ್ಲಿ ಕಣ್ಣು ಮೂಗಿಲ್ಲದ ಒಂದು ಬೂದು ಬಣ್ಣದ ಗುಂಡುತಲೆ ಬಂದು ಕೂತಿದೆ. ಎರಡು ತಿಂಗಳಿಂದ ನಾನು ಅದಕ್ಕೇ ಶುಭೋದಯ ಹೇಳುತ್ತಿದ್ದೇನೆ. ಅದು ಒಂದು ಟಿಕ್ ಕೊಟ್ಟು ಸುಮ್ಮನಾಗುತ್ತದೆ. ಅಂಚೆಯವರಲ್ಲಿ ಬ್ಲಾಕ್ ಮಾಡುವ ಸೌಕರ್ಯ ಇನ್ನೂ ಬಂದಿಲ್ಲವೆಂದು ವಿಚಾರಿಸಿ ತಿಳಿದುಕೊಂಡು, ಬ್ರಹ್ಮಾವರದ ನಿನ್ನ ಕನ್ನಡಕದ ಅಂಗಡಿಯ ವಿಳಾಸಕ್ಕೇ ಬರೆಯುತ್ತಿದ್ದೇನೆ. ರೂಮಿಗೆ ಕಳಿಸಿದರೆ ಹರಿದು ಒಲೆಗೆ ಹಾಕುವವಳು ನೀನು. ಗಿರಾಕಿಗಳ ಎದುರು ಹಾಗೆಲ್ಲ ಮಾಡಲಾರೆ. ಬೇಕಾದರೆ ಒಂದು ಒಳ್ಳೆಯ ಕನ್ನಡಕ ಹಾಕಿಕೊಂಡೇ ಓದು. ನನ್ನ ಕೈಬರಹ ನಿನಗೆ ಗೊತ್ತಲ್ಲ.

ಹೊಸ ಪಾಠಕ್ಕೆ ಮುಂಚೆ ಹಳೆಯದನ್ನು ಒಮ್ಮೆ ತಿರುವಿ ಹಾಕುವುದು ನನ್ನ ಕಸುಬಿನ ಚಾಳಿ. ಪಿಯುಸಿ ಮಕ್ಕಳು ಅದನ್ನು ಸಹಿಸಿಕೊಂಡಿದ್ದಾರೆ, ನೀನೂ ಸಹಿಸಿಕೋ.

ಮೇ ತಿಂಗಳ ಆ ಭಾನುವಾರ ತೆಕ್ಕಟ್ಟೆಯಿಂದ ಅಜಿತನ ಮನೆಯವರು ನಿನ್ನನ್ನು ಕೇಳಿಕೊಂಡು ನಾವುಂದಕ್ಕೆ ಬಂದರು. ನಿನ್ನ ಅಮ್ಮ ಎರಡು ಬಗೆಯ ಮೀನು, ಕೋಳಿ ಸುಕ್ಕ, ನೀರುದೋಸೆ ಎಲ್ಲ ಮಾಡಿ ಚಾವಡಿಯಲ್ಲಿ ಚಾಪೆ ಹಾಸಿ ಸಾಲಾಗಿ ಬಟ್ಟಲಿಟ್ಟಿದ್ದರು. ಸಾಲಿನ ತಲೆಯಲ್ಲಿ, ಎಂದಿನಂತೆ, ಸುಜನನ ಬಟ್ಟಲು. ಅಜಿತನ ತಾಯಿ ಬೇಬಿಯಕ್ಕ, ಪಾಪ, ಬೀಗಿತ್ತಿಯಾಗುವವಳಿಗೆ ತಲೆಯ ಜಾಗವೇ ಇರಬೇಕೆಂದುಕೊಂಡು ಸೀರೆ ನೆರಿಗೆ ಸರಿ ಮಾಡಿಕೊಂಡು ಅಲ್ಲಿ ಕೂರಹೊರಟರು. ಆಗ ನಿನ್ನ ಅಮ್ಮ ಮೀನು ಮಾರ್ಕೆಟ್ಟಿನ ಇಡೀ ಸಾಲಿಗೆ ಕೇಳುವ ಗಂಟಲಲ್ಲಿ “ಹ್ವಾಯ್, ಅಲ್ಲ್ ಕೂಕಣ್ಬೇಡಿ! ಅದ್ ನಮ್ ಸುಜನಂದ್!” ಎಂದು ಕೂಗಿದ್ದೂ, ಬೇಬಿಯಕ್ಕ ಮುಳ್ಳಿನ ಮೇಲೆ ಕೂತವರ ಹಾಗೆ ಎದ್ದದ್ದೂ, ಆ ಅವಸರದಲ್ಲಿ ಸುಕ್ಕದ ಪಾತ್ರೆಗೆ ಕಾಲು ತಾಗಿದ್ದೂ ನಿನಗೆ ನೆನಪಿರಬೇಕು. ನನಗಂತೂ ಸುಕ್ಕ ಚೆಲ್ಲಿದ್ದೇ ದೊಡ್ಡ ನಷ್ಟ ಅನಿಸಿತ್ತು.

“ಹುಡ್ಗಿ ಅಣ್ಣ ಎಲ್ಲ್ ಹೋಯಿರ್?” ಎಂದು ಬೇಬಿಯಕ್ಕ ಮೆತ್ತಗೆ ಕೇಳಿದರು. “ಕಡ್ಲಿಗ್. ಬತ್ತ” ಎಂದರು ಅಮ್ಮ, ಅಂಗಡಿಗೆ ಬೀಡಿ ತರಲು ಹೋದವನು ಈಗ ಬರುತ್ತಾನೆ ಎನ್ನುವಂತೆ.

ಐದು ವರ್ಷದ ಹಿಂದೆ ಆ ತೂಫಾನಿನಲ್ಲಿ ಬೋಟು ಮಗುಚಿ, ಉಳಿದವರೆಲ್ಲ ಒಂದೊಂದು ದಡಕ್ಕೆ ಬಂದು ಸೇರಿ, ಸುಜನ ಮಾತ್ರ ಬಾರದೆ ಹೋದದ್ದು ತೆಕ್ಕಟ್ಟೆಯವರಿಗೂ ಗೊತ್ತು. ಆದರೆ ಗೊತ್ತಿರುವುದು ಬೇರೆ, ಗೊತ್ತಿರುವವರ ಎದುರು ಬಿಸಿ ಅನ್ನ ಹಬೆಯಾಡುತ್ತ ಕೂತಿರುವುದು ಬೇರೆ. ಹೊರಡುವಾಗ ಬೇಬಿಯಕ್ಕ ನಿನ್ನ ಅಮ್ಮನ ಕೈ ಹಿಡಿದುಕೊಂಡು ಹೇಳಿದ್ದರಲ್ಲಿ ಒಂದಕ್ಷರ ತಪ್ಪಿರಲಿಲ್ಲ: “ಕಾಣಿ ವನಜಕ್ಕ, ಅಣ್ಣ ಇದ್ರೆ ಬರ್ಲಿ, ತಂಗೀನ್ ಮಂಟಪಕ್ಕ್ ಕರ್ಕಂಡ್ ಬರ್ಲಿ. ಇಲ್ದಿದ್ರೆ ಇಲ್ಲ ಅಂದೇಳಿ, ಮಾಡುದ್ ಮಾಡಿ ಮುಗ್ಸಿ. ಎರ್ಡೂ ಅಲ್ದಿದ್ರೆ ನಾವ್ ಎಂತ ಮಾಡುದ್ ಹೇಳಿ? ಚೌತಿಯೊಳ್ಗ್ ಒಂದ್ ಮಾತ್ ತಿಳ್ಸಿ.”

ಅವರ ಕಾರು ಹೈವೇ ಹತ್ತುವ ಮೊದಲೇ ನಮ್ಮ ಮನೆಯೊಳಗೆ ತೂಫಾನು. “ಅಮ್ಮ, ಅವ ಸತ್ತಿದ. ಒಂದ್ ಸಲಿ ಬಾಯ್ ಬಿಟ್ ಹೇಳ್” ಎಂದು ನೀನು. “ಅವ ಬಪ್ಪಲ್ಲಿವರಿಗೆ ಈ ಮನಿಯಲ್ ಮದಿ ಇಲ್ಲ” ಎಂದು ಅಮ್ಮ, ಮದುವೆಯ ಮಾತಿಗೇ ಬಾಗಿಲು ಹಾಕಿದ ಹಾಗೆ. ಆಮೇಲೆ ನೀನು ನನ್ನ ಕಡೆ ತಿರುಗಿ, “ನೀನಾರೂ ಹೇಳ್ ಅತ್ಗಿ” ಎಂದೆ. ನಾನು ಹೇಳಿದೆ: “ಬಂಗ್ಡಿ ಆರಿ ಹೋತ್, ಮೊದ್ಲ್ ಉಣ್ಣಿ.”

ತಮಾಷೆ ಮಾಡಿದ್ದಲ್ಲ ಮಾರಾಯ್ತಿ. ಬಾಯಿಗೆ ಬಂದದ್ದು ಅದೊಂದೇ. ನೀನು ಬ್ಯಾಗು ತುಂಬಿಕೊಂಡು ಬಾಗಿಲಲ್ಲಿ ನಿಂತು ನನಗೆ ಹೇಳಿದ ಮಾತು ಈಗಲೂ ಕೋಟೇಶ್ವರದ ಈ ಕೋಣೆಯ ಮೂಲೆಯಲ್ಲಿ ಕೂತಿದೆ. “ನೀನ್ ನಂಗ್ ಅತ್ಗಿ ಅಲ್ಲ. ನೀನೂ ಅವನ್ ಬಟ್ಲಿನ್ ಹಾಂಗೆ. ದಿನಾ ತೊಳ್ದ್ ಇಡುದ್, ಅಷ್ಟೆ.” ಐದು ವರ್ಷದಲ್ಲಿ ನನ್ನ ಬಗ್ಗೆ ಯಾರೂ ಇಷ್ಟು ಸರಿಯಾಗಿ ಹೇಳಿರಲಿಲ್ಲ. ಕನ್ನಡಕ ಮಾರುವವಳು ಅಂದ ಮೇಲೆ ಕಣ್ಣು ಚುರುಕಿರುವುದು ಸಹಜ.

ಹಳೆಯ ಪಾಠ ಮುಗಿಯಿತು. ಇನ್ನು ಹೊಸದು.

ಜುಲೈಯಲ್ಲಿ ನನಗೊಂದು ಘನವಾದ ಜವಾಬ್ದಾರಿ ಬಂತು. ರಸಾಯನಶಾಸ್ತ್ರದ ಇಂಗ್ಲಿಷ್ ಶಬ್ದಗಳಿಗೆ ಕನ್ನಡದಲ್ಲಿ ಸಮಾನ ಶಬ್ದ ಹುಡುಕುವ ಸಮಿತಿ. ಐವರು ಸದಸ್ಯರು, ಅದರಲ್ಲಿ ನಾನೊಬ್ಬಳು, ಉಳಿದವರೆಲ್ಲ ಘಟ್ಟದ ಮೇಲಿನವರು. ಮೊಬೈಲಿನಲ್ಲಿ ಸಭೆ. ‘ಎ’ಯಿಂದ ಶುರು ಮಾಡಿ ಒಬ್ಬೊಬ್ಬರೂ ಒಂದೊಂದು ಶಬ್ದಕ್ಕೆ ನಾಮಕರಣ ಮಾಡುವುದು, ಇನ್ನೊಬ್ಬರು ಆ ಕೂಸಿನ ಮೂಗು ಸರಿಯಿಲ್ಲ ಎನ್ನುವುದು. ಹೀಗೆ ನಡೆದು ನಡೆದು ನನ್ನ ಪಾಲಿಗೆ ಬಂದದ್ದು ‘ಫ್ಯಾಂಟಮ್ ಆಟಮ್’. ಪಠ್ಯದಲ್ಲಿ ಎಲ್ಲೋ ಮೂಲೆಯಲ್ಲಿ ಅಡಗಿರುವ ಶಬ್ದ. ಇಪ್ಪತ್ತು ವರ್ಷ ಪಾಠ ಮಾಡಿದವರಿಗೂ ಅದರ ಪರಿಚಯ ಇರುವುದಿಲ್ಲ. ಮೈಸೂರು ಕಡೆಯ ಒಬ್ಬ ಹಿರಿಯರು ತಡಮಾಡದೆ “ಭೂತ ಪರಮಾಣು” ಎಂದು ಬರೆದುಕೊಂಡು ಮುಂದಿನ ಶಬ್ದಕ್ಕೆ ಹೋಗಿಯೇಬಿಟ್ಟರು.

ನಾನು ಕೈ ಎತ್ತಿದೆ. ಈ ಪರಮಾಣುವಿನ ಮುಖ್ಯ ಲಕ್ಷಣವೇನೆಂದರೆ ಅದರ ಅಂಕೆ ಸೊನ್ನೆ. ಸ್ವಾಮಿ, ನಮ್ಮ ಕಡೆ ಭೂತಕ್ಕೆ ಸ್ವಂತ ಗುಡಿ ಇದೆ, ಕೋಲ ಇದೆ, ಕೋಪ ಇದೆ, ವರ್ಷಕ್ಕೊಮ್ಮೆ ಕೋಳಿ ಕೊಡಬೇಕು. ಅಂಥದ್ದಕ್ಕೆ ಸೊನ್ನೆ ಎಂದು ಪುಸ್ತಕದಲ್ಲಿ ಅಚ್ಚು ಹಾಕಿಸಿ ನಾನು ಕುಂದಾಪುರದ ಬಸ್‌ಸ್ಟ್ಯಾಂಡಿನಲ್ಲಿ ಇಳಿಯುವುದು ಹೇಗೆ ಎಂದು ಕೇಳಿದೆ. ಹಾಗಾದರೆ “ಪ್ರೇತ ಪರಮಾಣು” ಇರಲಿ ಎಂದರು. ಅದನ್ನು ಪರೀಕ್ಷೆಯ ಹಿಂದಿನ ದಿನ ಓದಿದ ಮಕ್ಕಳು ಜ್ವರ ಹಿಡಿದು ಮಲಗುತ್ತಾರೆ. “ಹುಸಿ” ಎಂದರೆ ಸುಳ್ಳಾಯಿತು, “ಮಾಯಾ” ಎಂದರೆ ನಾಟಕದ ಪಾತ್ರವಾಯಿತು. ಕೊನೆಗೆ, ಅಷ್ಟು ಗೊತ್ತಿದ್ದರೆ ನೀವೇ ಒಂದು ಶಬ್ದ ತನ್ನಿ ಮೇಡಂ, ಎರಡು ವಾರ ಸಮಯ ಎಂದು ಸಭೆ ಮುಗಿಸಿದರು.

ಆ ಭಾನುವಾರ ಎಂದಿನಂತೆ ನಾವುಂದಕ್ಕೆ ಹೋದೆ. ಅಡುಗೆಮನೆಯ ಹೊಸಿಲ ಮೇಲೆ ಕೂತು ತೆಂಗಿನಕಾಯಿ ತುರಿಯುತ್ತ “ಭೂತ ಪರಮಾಣು, ಭೂತ ಪರಮಾಣು” ಎಂದು ಒಬ್ಬಳೇ ಗೊಣಗುತ್ತಿದ್ದೆ. ನಿನ್ನ ಅಮ್ಮ ಮೀನು ಕೊಯ್ಯುತ್ತಿದ್ದವರು ತಲೆ ಎತ್ತದೆ ಹೇಳಿದರು: “ಹೌದ್ ಮಗಾ, ಈ ಸಲಿ ಬೂತಾಯಿ ಪ್ರಮಾಣ ಕಮ್ಮಿಯೇ. ಬೋಟ್ ಎಲ್ಲ ಹೋಯ್ಲಿ, ಮತ್ತ್ ಕಾಂಬ.”

ನಗು ತಡೆಯಲಾರದೆ ತುರಿಮಣೆ ಬದಿಗಿಟ್ಟೆ. ಬೂತಾಯಿ ಮೀನಲ್ಲ ಅಮ್ಮ, ಭೂತ, ಪುಸ್ತಕದ್ದು ಎಂದೆ. ಪುಸ್ತಕದಲ್ಲೂ ಭೂತ ಇರುತ್ತದಾ, ಅದು ಎಂತ ಕೇಳುತ್ತದೆ ಎಂದು ಅವರು ವಿಚಾರಿಸಿದರು. ಏನೂ ಕೇಳುವುದಿಲ್ಲ, ಒಂದು ಜಾಗ ಕೊಟ್ಟರೆ ಸಾಕು ಎಂದೆ. ಕತ್ತಿಯ ಕೈ ಅಲ್ಲೇ ನಿಂತಿತು. ಹಾಗಾದರೆ ಸಮಾ ಹೇಳು ಎಂದರು.

ನಿನಗೂ ಹೇಳುತ್ತೇನೆ, ಕೇಳು. ಕೆಲವು ಅಣುಗಳಲ್ಲಿ ಎಡಗೈಯದು, ಬಲಗೈಯದು ಎಂದು ಎರಡು ಬಗೆ ಇರುತ್ತದೆ. ಎಲ್ಲವೂ ಒಂದೇ, ಕನ್ನಡಿಯೊಳಗಿನ ಮುಖದ ಹಾಗೆ ತಿರುವು ಮಾತ್ರ ಬೇರೆ. ಯಾವುದು ಯಾವ ಕೈಯದೆಂದು ತಿಳಿಯಲು ನಡುವಿನ ಪರಮಾಣುವಿನ ಸುತ್ತ ನಾಲ್ಕು ಜನ ಬೇಕು. ಅವರನ್ನು ಅಂಕೆಯ ಮೇಲೆ ದೊಡ್ಡವರಿಂದ ಚಿಕ್ಕವರಿಗೆ ಸಾಲಾಗಿ ನಿಲ್ಲಿಸಿ, ಎಲ್ಲರಿಗಿಂತ ಚಿಕ್ಕದನ್ನು ಹಿಂದಕ್ಕೆ ಕಳಿಸಿ, ಎದುರು ಉಳಿದ ಮೂವರು ಯಾವ ಕಡೆ ತಿರುಗುತ್ತಾರೆಂದು ನೋಡಬೇಕು. ಬಲಕ್ಕೋ ಎಡಕ್ಕೋ, ಅಲ್ಲಿಗೆ ತೀರ್ಮಾನ. ಈಗ ತೊಂದರೆ ಏನೆಂದರೆ, ಕೆಲವು ಕಡೆ ಮೂವರೇ ಇರುತ್ತಾರೆ. ನಾಲ್ಕನೆಯವರಿಲ್ಲ. ನಾಲ್ಕಾಗದೆ ಲೆಕ್ಕ ನಡೆಯುವುದಿಲ್ಲ, ಮೂವರೂ ಅಲ್ಲೇ ಕೂತಿರಬೇಕು. ಅದಕ್ಕೆ ಆ ಖಾಲಿ ಜಾಗದಲ್ಲಿ ಒಬ್ಬ ಇದ್ದಾನೆಂದು ಇಟ್ಟುಕೊಳ್ಳುತ್ತಾರೆ. ಅವನಿಗೆ ತೂಕವಿಲ್ಲ, ಅಂಕೆ ಸೊನ್ನೆ. ಅವನೇ ಫ್ಯಾಂಟಮ್.

ಅಮ್ಮ, “ಅವ ಎಲ್ಲ್ ಕೂಕಂಬುದ್? ತಲಿ ಮೇಲಾ?” ಎಂದು ಕೇಳಿದರು. ಅಂಕೆ ಸೊನ್ನೆ ಆದ್ದರಿಂದ ಯಾವಾಗಲೂ ಕಡೆಯ ಜಾಗ ಎಂದೆ. “ಕಡಿಗ್ ಕೂರ್ಸಿರ್ ಅವಂಗ್ ಬೇಜಾರ್ ಆತಿಲ್ಯಾ?” ಅದು ಪುಸ್ತಕದಲ್ಲಿ ಬರೆದಿಲ್ಲ ಅಮ್ಮ ಎಂದೆ. ಅಲ್ಲಿ ಕೂತರೆ ಉಳಿದವರಿಗೆ ಅವನು ಅಡ್ಡ ಬರುವುದಿಲ್ಲವಲ್ಲ ಎಂದು ಮತ್ತೆ ಕೇಳಿದರು. ಇಲ್ಲ, ಅವನು ಹಿಂದೆ ಸರಿದದ್ದರಿಂದಲೇ ಉಳಿದವರ ದಾರಿ ಯಾವುದೆಂದು ಗೊತ್ತಾಗುವುದು ಎಂದೆ. “ಹಾಂಗಾರೆ ಅವ ಇಪ್ಪುದ್ ಇತ್ತ್” ಎಂದರು. ಇರುವುದಂತೂ ಇದೆ ಎಂದೆ. ಅಮ್ಮ ಮತ್ತೆ ಮೀನು ಕೊಯ್ಯತೊಡಗಿದರು. ಆ ದಿನವೂ ಸುಜನನ ಬಟ್ಟಲು ಸಾಲಿನ ತಲೆಯಲ್ಲೇ ಬಿತ್ತು, ಬಿಸಿ ಅನ್ನ, ಮೇಲೊಂದು ಹುರಿದ ಬಂಗುಡೆ. ನನ್ನ ಪಾಠ ವ್ಯರ್ಥವಾಯಿತೆಂದುಕೊಂಡೆ. ಅದು ನನಗೆ ಹೊಸ ಅನುಭವವೇನಲ್ಲ.

ಒಂದು ವಿಷಯ ನಿನಗೆ ತಿಳಿದಿದೆಯೋ ಇಲ್ಲವೋ. ಆ ಬಟ್ಟಲಿನ ಅನ್ನ ಎಲ್ಲಿ ಹೋಗುತ್ತದೆ ಎಂದು ನೀನು ಒಮ್ಮೆ ಜಗಳ ತೆಗೆದಿದ್ದೆ, ಬೆಕ್ಕಿಗೆ ಹಾಕುತ್ತಾರೆ ಅಂದುಕೊಂಡಿದ್ದೆ. ಬೆಕ್ಕಿಗಲ್ಲ. ಸಂಜೆಗೆ ಅಮ್ಮ ತಾವೇ ಉಣ್ಣುತ್ತಾರೆ. ಬಿಸಿಯಿರುವಷ್ಟು ಹೊತ್ತು ಅದು ಅವನದು, ತಣ್ಣಗಾದ ಮೇಲೆ ತಮ್ಮದು. ಐದು ವರ್ಷದಿಂದ ಆ ಹೆಂಗಸು ಬಿಸಿ ಊಟ ಮಾಡಿಲ್ಲ.

ಮತ್ತೊಂದು ವಿಷಯ ನನ್ನದು. ಓದಿ ನಕ್ಕುಬಿಡು. ನಾವುಂದದ ಬಸ್ಸಿನಲ್ಲಿ ಕಂಡಕ್ಟರ್ ಕುಷ್ಟ ಇದ್ದಾನಲ್ಲ, ಅವನಿಗೂ ನನಗೂ ಪ್ರತಿ ಭಾನುವಾರ ಒಂದು ಸಂಭಾಷಣೆ ನಡೆಯುತ್ತದೆ. ನಾನು ಕಿಟಕಿ ಪಕ್ಕ ಕೂತು ಬದಿಯ ಸೀಟಿನ ಮೇಲೆ ಬ್ಯಾಗು ಇಟ್ಟಿರುತ್ತೇನೆ. “ಮೇಡಂ, ಬದಿಯಂಗೆ ಯಾರಾರೂ ಬತ್ರಾ?” ಎಂದು ಅವನು ಕೇಳುತ್ತಾನೆ. ನಾನು ಕಿಟಕಿಯ ಹೊರಗೆ ನೋಡುತ್ತ “ಬತ್ತ” ಎನ್ನುತ್ತೇನೆ. ಮರವಂತೆಯ ಕಡಲು ಬರುವಾಗ ಆ ಬ್ಯಾಗಿನ ಕಡೆ ತಿರುಗುವುದಿಲ್ಲ. ತಿರುಗಿದರೆ ಬರೀ ಬ್ಯಾಗು ಕಂಡುಬಿಟ್ಟೀತು. ತಿರುಗದಿದ್ದರೆ ತೋಳಿಗೆ ತೋಳು ತಾಗಿದಂತಿರುತ್ತದೆ. ಕುಷ್ಟ ಒಳ್ಳೆಯ ಮನುಷ್ಯ, ಬರುವವರು ಯಾವ ಸ್ಟಾಪಿನಲ್ಲಿ ಹತ್ತುತ್ತಾರೆಂದು ಅವನು ಇವತ್ತಿನವರೆಗೆ ಕೇಳಿಲ್ಲ.

ನಿನ್ನ ಅಣ್ಣ ರಸಾಯನಶಾಸ್ತ್ರದಲ್ಲಿ ಎರಡು ಸಲ ಫೇಲಾದವನು. ನನ್ನನ್ನು ಕೇಳಿಕೊಂಡು ಬಂದಾಗ, ಇದು ಮೂರನೇ ಪ್ರಯತ್ನ, ಈ ಸಲ ಪಾಸಾಗದೆ ಬಿಡುವುದಿಲ್ಲ ಎಂದಿದ್ದ. ಮಾತುಕತೆ ಮುಗಿಯಿತು, ತಾಳಿ ಕಟ್ಟುವ ಮೊದಲೇ ತೂಫಾನು ಬಂತು. ಅವನೊಬ್ಬ ಅಪ್ಪಟ ಎಡಗೈಯವ. ಬಲೆಗೆ ಅವನು ಹಾಕಿದ ಗಂಟು ತಿರುಗುಮುರುಗಾಗಿ ಬೀಳುತ್ತಿತ್ತು, ಬೇರೆಯವರ ಕೈಗೆ ಬಿಚ್ಚಲು ಬರುತ್ತಿರಲಿಲ್ಲ. ನಿಮ್ಮ ಬಸಳೆ ಚಪ್ಪರಕ್ಕೆ ಕೋಳಿ ಬಾರದಂತೆ ಅವನು ಸುತ್ತಿದ ಹಳೆಯ ಬಲೆ ಈಗಲೂ ಹಾಗೇ ಇದೆ, ಒಂದು ಗಂಟೂ ಸಡಿಲವಾಗಿಲ್ಲ. ಬಲಗೈಯಲ್ಲಿ ಉಣ್ಣುವ ನಾವು ನೀರಿನ ಲೋಟ ಎಡಕ್ಕೆ ಇಟ್ಟುಕೊಂಡರೆ ಅವನಿಗೆ ಬಲಕ್ಕೇ ಬೇಕು. ಮದುವೆಯ ಪಂಕ್ತಿಯಲ್ಲಿ ಕೂತನೆಂದರೆ ಬಲಬದಿಯವರ ನೀರು ಗಟಗಟ ಕುಡಿದುಬಿಡುತ್ತಿದ್ದ. ಒಮ್ಮೆ ಅಲ್ಲಿ ಕೂತವಳು ನಾನು. ಇಡೀ ಕತೆ ಶುರುವಾದದ್ದು ಆ ಲೋಟದಿಂದ, ನಿನಗೆ ಯಾರೂ ಹೇಳಿರಲಿಕ್ಕಿಲ್ಲ.

ಇಷ್ಟಾದ ಮೇಲೆ ಮೊನ್ನೆ ಭಾನುವಾರ ಆಸಾಡಿ ಅಮಾಸೆ. ಕುಂದಾಪ್ರ ಕನ್ನಡದ ದಿನವೆಂದು ಊರೆಲ್ಲ ಮೈಕು. ನಮ್ಮ ಕಾಲೇಜಿನಲ್ಲೂ ಭಾಷಣವಿತ್ತು, ಜ್ವರವೆಂದು ಸುಳ್ಳು ಹೇಳಿ ನಾವುಂದದ ಬಸ್ಸು ಹತ್ತಿದೆ. ನಿನ್ನ ಅಪ್ಪಯ್ಯನಿಗೆ ಎಡೆ ಹಾಕುವ ದಿನವಲ್ಲವಾ, ಈ ವರ್ಷ ನೀನೂ ಇಲ್ಲ, ಅಮ್ಮ ಒಬ್ಬರೇ ಆಗುತ್ತಾರೆಂದು. ಮನೆ ಮುಟ್ಟುವಾಗ ಅವರು ಒಲೆಯ ಮುಂದಿದ್ದರು. ನನ್ನನ್ನು ನೋಡಿ “ಎಲಿ ಕೊಯ್ಕಂಡ್ ಬಾ ಮಗಾ” ಎಂದರು. ನಾನು ಕತ್ತಿ ತೆಗೆದುಕೊಂಡು ಹಿತ್ತಿಲಿಗೆ ಹೊರಟೆ. ಅಪ್ಪಯ್ಯನಿಗೆ ಒಂದು ಎಲೆ, ಅದರಲ್ಲಿ ಕೇಳುವುದೇನಿದೆ. ಬಾಗಿಲು ದಾಟುವಾಗ ಹಿಂದಿನಿಂದ ಅವರ ದನಿ ಬಂತು.

“ಎರಡ್ ತಾ.”

ನವ್ಯಾ, ನಾನು ಬಾಳೆಯ ಬುಡದಲ್ಲಿ ನಿಂತು ಒಂದು ಎಲೆ ಕೊಯ್ದೆ. ಎರಡನೆಯದಕ್ಕೆ ಕೈ ಬರಲಿಲ್ಲ. ಕತ್ತಿ ಚೂಪಾಗಿಯೇ ಇತ್ತು, ಬಾಳೆಲೆ ಕೊಯ್ಯಲು ಎಷ್ಟು ಬಲ ಬೇಕು? ಬಸಳೆಯ ಬಲೆ ಹಿಡಿದುಕೊಂಡು ಅಷ್ಟು ಹೊತ್ತು ನಿಂತೆ. ಬಟ್ಟಲಾದರೆ ಊಟ, ಎಲೆಯಾದರೆ ಎಡೆ. ಬಟ್ಟಲು ಬರುವವನಿಗೆ, ಎಲೆ ಹೋದವನಿಗೆ. ಈ ವ್ಯತ್ಯಾಸ ನಮ್ಮೂರಿನ ಚಿಕ್ಕ ಮಕ್ಕಳಿಗೂ ಗೊತ್ತು. ಐದು ವರ್ಷ ಅಮ್ಮ ಎಲೆ ಮುಟ್ಟದೆ ಬಟ್ಟಲನ್ನೇ ತೊಳೆದು ತೊಳೆದು ಇಟ್ಟದ್ದು ಇದಕ್ಕೇ. ಅಮ್ಮನ ಬಾಯಲ್ಲಿ ‘ಸತ್ತ’ ಎಂಬ ಮಾತು ಬರಲೆಂದು ನೀನು ಕಾದೆ, ಬೇಬಿಯಕ್ಕ ಕಾದರು. ಅವರು ಆ ಮಾತು ಕೊನೆಗೂ ಆಡಲಿಲ್ಲ. ಎರಡು ಎಂದರು, ಅಷ್ಟೇ.

ಎರಡನೆಯ ಎಲೆಯನ್ನೂ ಕೊಯ್ದೆ. ತಡವಾಯಿತೆಂದು ಅಮ್ಮ ಗದರಲಿಲ್ಲ. ಅದೇ ನನಗೆ ಹೆದರಿಕೆ ಹುಟ್ಟಿಸಿದ್ದು.

ಒಳಕೋಣೆಯಲ್ಲಿ ದೀಪ ಹಚ್ಚಿ ಮೊದಲು ಅಪ್ಪಯ್ಯನ ಎಲೆ ಹಾಕಿದರು. ಅದರ ಆಚೆ, ಗೋಡೆಯ ಕಡೆ, ಕಟ್ಟಕಡೆಗೆ ಸುಜನನ ಎಲೆ. ಆ ಎಲೆಯನ್ನು ಸ್ವಲ್ಪ ಸರಿಸಿ ನೋಡಿ, “ಇಲ್ಲಾರೆ ಯಾರಿಗೂ ಅಡ್ಡ ಆತಿಲ್ಲ, ಅಲ್ದಾ?” ಎಂದು ನನ್ನನ್ನು ಕೇಳಿದರು. ನಾನು ಇಲ್ಲ ಎಂದು ತಲೆಯಾಡಿಸಿದೆ. ಹುರಿದ ಬಂಗುಡೆ, ಕೋಳಿ, ಅನ್ನ, ಎರಡೂ ಎಲೆಗೆ ಅವರೇ ಬಡಿಸಿದರು. ನೀರಿನ ಲೋಟ ಇಟ್ಟವಳು ನಾನು. ಆಮೇಲೆ ಪದ್ಧತಿಯಂತೆ ಬಾಗಿಲು ಹಾಕಿಕೊಂಡು ಹೊರಗೆ ಜಗಲಿಯಲ್ಲಿ ಕೂತೆವು, ಒಳಗಿನವರ ಊಟ ಮುಗಿಯುವವರೆಗೆ. ಮಳೆ ಬಿಟ್ಟಿತ್ತು. ದೂರದ ಮೈಕಿನಲ್ಲಿ ಯಾರೋ ನಮ್ಮ ಭಾಷೆ ಸಾಯುತ್ತಿದೆ ಎಂದು ಬಹಳ ಉತ್ಸಾಹದಿಂದ ಹೇಳುತ್ತಿದ್ದರು.

ಆಗ ಅಮ್ಮ ಅಂಗಳ ನೋಡುತ್ತ ಮಾತಾಡಿದರು. ಅವನು ಬರುವುದಿಲ್ಲವೆಂದು ಬೋಟು ಸಿಕ್ಕಿದ ದಿನವೇ ಅವರಿಗೆ ತಿಳಿದಿತ್ತಂತೆ. ಕಡಲಿನವರ ಮನೆಯಲ್ಲಿ ಹುಟ್ಟಿ ಕಡಲಿನವನನ್ನು ಕಟ್ಟಿಕೊಂಡವಳಿಗೆ ಅದನ್ನು ಬೇರೆ ಯಾರಾದರೂ ಹೇಳಬೇಕಾ ಎಂದರು. ಹಾಗಾದರೆ ಐದು ವರ್ಷ ಆ ಬಟ್ಟಲು ಯಾರಿಗಾಗಿ ಎಂದು ನಾನು ಕೇಳಿದೆ. ಅವರು ಹೇಳಿದ್ದನ್ನು ಅವರ ಮಾತಿನಲ್ಲೇ ಬರೆಯುತ್ತೇನೆ, ತಿದ್ದಲು ನನ್ನಿಂದಾಗದು.

“ನಿಂಗೆ ಮಗಾ. ಬಟ್ಲ್ ತೆಗುದ್ರೆ ನೀ ಎಂತಕ್ಕ್ ಬಪ್ಪುದ್ ಇಲ್ಲಿಗ್? ಅವ ಇಲ್ಲ ಅಂದ್ಮೇಲೆ ನೀ ನಮ್ಗ್ ಎಂತ ಆಯ್ಕ್? ಬಪ್ಪುದ್ ಬಿಡ್ತೆ ಅಂದೇಳಿ ಹೆದ್ರಿಕಿ. ಅದ್ಕೇ ಬತ್ತ, ಬತ್ತ ಅಂತಿದ್ದೆ.”

ನಾನು ನಗಲು ನೋಡಿದೆ. ಯಾಕೆಂದರೆ ಐದು ವರ್ಷ ಪ್ರತಿ ಭಾನುವಾರ ನಾನು ನಾವುಂದಕ್ಕೆ ಬಂದು ಆ ಬಟ್ಟಲಿನ ಪಕ್ಕ ಕೂತು ಉಂಡದ್ದು, ಪಾಪ ಈ ಹೆಂಗಸು ನಂಬಿಕೊಂಡಿದ್ದಾರೆ, ನಾನೂ ಬಾರದಿದ್ದರೆ ಅವರ ನಂಬಿಕೆ ಮುರಿದೀತು ಎಂದು. ಹಾಗೆಂದು ನಾನೇ ನನಗೆ ಹೇಳಿಕೊಂಡಿದ್ದೆ. ಅವರು ನನಗಾಗಿ ಅವನನ್ನು ಕೂರಿಸಿದರು, ನಾನು ಅವರಿಗಾಗಿ. ನಡುವೆ ಅವನು, ಪಾಪ, ಏಳಲೂ ಆಗದೆ ಕೂತೇ ಇದ್ದ. ಈ ಇಬ್ಬರ ಮರ್ಯಾದೆಯ ನಡುವೆ ನಿನ್ನ ಮದುವೆ ಸಿಕ್ಕಿಹಾಕಿಕೊಂಡಿತು. ನಗು ಬರಲಿಲ್ಲ, ಬೇರೆಯದೇ ಬಂತು. ಅಮ್ಮ ಸೆರಗಿನಿಂದ ನನ್ನ ಮುಖ ಒರೆಸಿದರು. ಸೆರಗು ಮೀನು ನಾರುತ್ತಿತ್ತು, ನೀನೇನೂ ಬೇಜಾರು ಮಾಡಿಕೊಳ್ಳಬೇಡ.

ಬಾಗಿಲು ತೆಗೆದು ಎಡೆ ಎತ್ತಿದ ಮೇಲೆ ನಮ್ಮ ಊಟ. ಅಮ್ಮ ಸುಜನನ ಬಟ್ಟಲನ್ನು ಕಪಾಟಿನಿಂದ ತೆಗೆದು, ಮತ್ತೊಮ್ಮೆ ತೊಳೆದು, ಸೆರಗಿನಲ್ಲಿ ಒರೆಸಿ, ನನ್ನ ಮುಂದೆ ಇಟ್ಟು ಅನ್ನ ಬಡಿಸಿದರು. ಅವರದೂ ನನ್ನ ಜೊತೆಯಲ್ಲೇ, ಹಬೆಯಾಡುತ್ತಿದ್ದ ಅನ್ನ. ಮೊದಲ ತುತ್ತಿಗೆ ನಾಲಿಗೆ ಸುಟ್ಟುಕೊಂಡರು. ಬಿಸಿ ಮರೆತುಹೋಗಿದೆ ಎಂದರು.

ಆಮೇಲೆ ನಿನ್ನ ವಿಷಯ ತೆಗೆದರು. ತೆಕ್ಕಟ್ಟೆಗೆ ತಾವೇ ಫೋನು ಮಾಡುತ್ತಾರಂತೆ, ಚೌತಿಯವರೆಗೆ ಕಾಯುವುದೂ ಬೇಡವಂತೆ. ಮಂಟಪಕ್ಕೆ ನಿನ್ನನ್ನು ಕರೆತರುವ ಅಣ್ಣ ಎಲ್ಲಿ ಎಂದು ಯಾರಾದರೂ ಕೇಳಿದರೆ ಎಂದೆ. “ಅಣ್ಣನ್ ಕೆಲ್ಸ ನೀನ್ ಮಾಡ್. ಅವನ್ ಬಟ್ಲಲ್ ಉಂಡಿದ್ದೆ ಅಲ್ದಾ, ಪುಕ್ಸಟ್ಟಿಯಾ?” ಎಂದರು. ಹೀಗೆ ಒಂದು ತುಂಡು ಬಂಗುಡೆಗೆ ನಾನು ನಿನ್ನ ಅಣ್ಣನಾಗಿ ನೇಮಕಗೊಂಡಿದ್ದೇನೆ. ಪಂಚೆ ಉಡಬೇಕಾ ಎಂದು ಕೇಳಲಿಲ್ಲ.

ಸಮಿತಿಗೂ ಶಬ್ದ ಕಳಿಸಿದೆ: ‘ಎಡೆ ಪರಮಾಣು’. ಎಡೆ ಎಂದರೆ ಜಾಗ, ಎಡೆ ಎಂದರೆ ಇಲ್ಲದವರಿಗೆ ಬಡಿಸಿಟ್ಟದ್ದು. ಎರಡು ಅರ್ಥವೂ ಒಂದೇ ಶಬ್ದದಲ್ಲಿ ಕೂತಿರುವಾಗ ನಾವು ಭೂತಪ್ರೇತಗಳ ಗುಡಿ ಗುಡಿ ತಿರುಗಿದ್ದು ಯಾಕೋ. ಮೈಸೂರಿನ ಹಿರಿಯರು “ಇದು ನೈವೇದ್ಯವಲ್ಲವೇ, ಪರಿಶೀಲಿಸಲಾಗುವುದು” ಎಂದು ಉತ್ತರ ಬರೆದಿದ್ದಾರೆ. ಪರಿಶೀಲಿಸಲಿ.

ವಾಪಸು ಬರುವಾಗ ಬಸ್ಸು ತುಂಬಿತ್ತು. ಕುಷ್ಟ ಬಂದು ಬದಿಯ ಸೀಟು ನೋಡಿ ಎಂದಿನ ಪ್ರಶ್ನೆಗೆ ಬಾಯಿ ತೆರೆದ. ಅವನು ಕೇಳುವ ಮೊದಲೇ ಬ್ಯಾಗನ್ನು ತೊಡೆಯ ಮೇಲೆ ಇಟ್ಟುಕೊಂಡೆ. ಬುಟ್ಟಿ ಹಿಡಿದ ಒಬ್ಬ ಹೆಂಗಸು ಉಸ್ಸಪ್ಪಾ ಎಂದು ಬಂದು ಕೂತರು. ಮರವಂತೆ ಬಂತು, ನಾನು ಕಡಲಿಗೆ ಬೆನ್ನು ಹಾಕಿ ಅವರ ಮೊಮ್ಮಗನ ಹಲ್ಲುನೋವಿನ ಕತೆ ಕೇಳಿದೆ. ತೋಳು ಮಾತ್ರ ಅಲ್ಲಲ್ಲಿ ಚಳಿ ಹಿಡಿದಂತೆ ಆಯಿತು. ಅಭ್ಯಾಸ ಬಿಡಲು ದಿನ ಬೇಕಲ್ಲ.

ಈ ಭಾನುವಾರ ಬಾ. ಅಜಿತನನ್ನೂ ಕರೆದುಕೊಂಡು ಬಾ, ಸಾಲಿನ ತಲೆಯ ಜಾಗ ಖಾಲಿ ಇದೆ, ಯಾರೂ ಕೂಗುವುದಿಲ್ಲ. ಅಮ್ಮ ನಿನಗೆ ಫೋನು ಮಾಡಲು ಎರಡು ಸಲ ನಂಬರು ಒತ್ತಿ ನಾಚಿಕೆಯಿಂದ ಕಟ್ ಮಾಡಿದ್ದಾರೆ. ನೀನಾಗಿ ಮಾಡಬೇಡ, ಎದುರೇ ಬಂದು ನಿಲ್ಲು. ನನ್ನನ್ನು ಬ್ಲಾಕಿನಿಂದ ಬಿಡುಗಡೆ ಮಾಡುವುದು ನಿನ್ನ ಇಷ್ಟ. ಆ ಬೂದು ಗುಂಡುತಲೆಯ ಜೊತೆ ನನಗೆ ಸ್ನೇಹವಾಗಿಬಿಟ್ಟಿದೆ, ಆದರೂ ನಿನ್ನ ಮುಖವೇ ವಾಸಿ.

ಬಿಟ್ಟ ಸ್ಥಳ ತುಂಬಿರಿ (ಅತ್ತಿಗೆ / ಅಣ್ಣ / ಬಟ್ಟಲು, ಯಾವುದು ಬರೆದರೂ ಪೂರ್ಣ ಅಂಕ):

ನಿನ್ನ ಪ್ರೀತಿಯ .................,
ಶ್ರೀಲತಾ

ಮರೆತದ್ದು: ಒಂದು ವಿಷಯ ಬರೆಯಬಾರದೆಂದುಕೊಂಡಿದ್ದೆ. ಎಡೆಯ ಎರಡೂ ಎಲೆಗೆ ನೀರಿನ ಲೋಟ ಇಟ್ಟವಳು ನಾನು ಎಂದೆನಲ್ಲ, ನನಗೂ ಬಲಗೈಯವರ ಅಭ್ಯಾಸ, ಎರಡನ್ನೂ ಎಲೆಯ ಎಡಕ್ಕೇ ಇಟ್ಟಿದ್ದೆ. ಕೊನೆಗೆ ಹೊರಗೆ ಬಂದು ಬಾಗಿಲು ಎಳೆದವಳೂ ನಾನೇ. ಆಮೇಲೆ ಬಾಗಿಲು ತೆಗೆದು ಮೊದಲು ಒಳಗೆ ಹೋದವರು ಅಮ್ಮ, ನಾನು ಅವರ ಬೆನ್ನ ಹಿಂದಿದ್ದೆ. ಅಪ್ಪಯ್ಯನ ಲೋಟ ಇಟ್ಟಲ್ಲೇ ಇತ್ತು. ಸುಜನನದು ಬಲಕ್ಕಿತ್ತು. ಅಮ್ಮ ಅದನ್ನು ನೋಡಿದರು, ನನ್ನನ್ನು ನೋಡಿದರು. ನಾನು ಅವರನ್ನು ಕೇಳಲಿಲ್ಲ, ಅವರು ನನ್ನನ್ನು ಕೇಳಲಿಲ್ಲ. ಬಂದಾಗ ನೀನೂ ಕೇಳಬೇಡ.